ದಿವಾಳಿಯ ಅಂಚಿನ ನ್ಯೂಯಾರ್ಕ್ ಮತ್ತು ಒಬ್ಬ ಬ್ಯಾಂಕರ್

ಹೂಡಿಕೆ ಬ್ಯಾಂಕರ್ ಒಬ್ಬರ ಬಗ್ಗೆ ಮಾತಾಡುತ್ತೇನೆ ಅಂದ ಕೂಡಲೇ ರೇಡಿಯೋದ ಕಿವಿ ಹಿಂಡಬೇಡಿ, ಸ್ವಲ್ಪ ತಾಳಿ. ಆ ಕಸುಬಿನವರ ಮೇಲೆ ನನಗೂ ಅಂಥ ಪ್ರೀತಿಯೇನಿಲ್ಲ. ಒಂದು ಕಂಪನಿ ಇನ್ನೊಂದನ್ನು ನುಂಗುವಾಗ ನಡುವೆ ಕೂತು ಲೆಕ್ಕ ಹಾಕಿಕೊಟ್ಟು ದಲ್ಲಾಳಿ ಹಣ ಎಣಿಸುವವರು ಅಂದರೆ ತೀರಾ ತಪ್ಪಾಗಲಾರದು. ಆದರೂ ಫೀಲಿಕ್ಸ್ ರೊಹಾಟಿನ್ ಅನ್ನುವ ಒಬ್ಬರ ಬೆನ್ನು ಬಿಡದೆ ವರ್ಷಗಟ್ಟಲೆ ಓದಿದ್ದೇನೆ. ಇವತ್ತು ಅವರ ಕತೆ.

ಹುಟ್ಟಿದ್ದು 1928ರಲ್ಲಿ, ವಿಯೆನ್ನಾದಲ್ಲಿ, ಯಹೂದಿ ಮನೆತನದಲ್ಲಿ. ಅಪ್ಪನದು ಬಿಯರ್ ಕಾರ್ಖಾನೆ ನೋಡಿಕೊಳ್ಳುವ ಕೆಲಸ. ನಾಜಿಗಳ ನೆರಳು ಬೀಳುವಾಗ ಮನೆಯವರು ಫ್ರಾನ್ಸಿಗೆ ಹೋದರು. 1940ರಲ್ಲಿ ನೆರಳು ಅಲ್ಲಿಗೂ ಬಂತು. ಹೊರಡುವ ಮುನ್ನ ಹನ್ನೆರಡರ ಹುಡುಗನ ಪಾಲಿಗೆ ಬಂದ ಕೆಲಸ ಏನು ಗೊತ್ತೇ? ಟೂತ್‌ಪೇಸ್ಟ್ ಟ್ಯೂಬುಗಳ ಹಿಂಬದಿ ಬಿಚ್ಚಿ, ಒಳಗೆ ಚಿನ್ನದ ನಾಣ್ಯ ತುರುಕುವುದು. ಮನೆಯವರ ಪಾಲಿಗೆ ಉಳಿದ ಆಸ್ತಿ ಅಷ್ಟೇ. ತಲೆಯೊಳಗೆ ಇಟ್ಟುಕೊಂಡು ಓಡಬಹುದಾದದ್ದೊಂದೇ ನಿಜವಾದ ಸಂಪತ್ತು ಎಂದು ಆಗಲೇ ಮನಸ್ಸಿಗೆ ಬಂತು ಎನ್ನುವುದನ್ನು ದೊಡ್ಡವರಾದ ಮೇಲೆ ಅವರು ಮತ್ತೆ ಮತ್ತೆ ಹೇಳುತ್ತಿದ್ದರು. ದಾಟಿಸಿದ್ದು ಬ್ರೆಜಿಲ್ಲಿನ ವೀಸಾ. ಫ್ರಾನ್ಸಿನಲ್ಲಿದ್ದ ಬ್ರೆಜಿಲ್ ರಾಯಭಾರಿ ಸೋಜಾ ಡಾಂಟಸ್ ತಮ್ಮ ಸರ್ಕಾರದ ಆಜ್ಞೆ ಮೀರಿ ನೂರಾರು ಜನರಿಗೆ ಅಂಥ ವೀಸಾ ಬರೆದುಕೊಟ್ಟಿದ್ದರು. ಕಾಸಾಬ್ಲಾಂಕಾ, ಲಿಸ್ಬನ್, ರಿಯೊ ಸುತ್ತಿ 1942ರಲ್ಲಿ ಹುಡುಗ ನ್ಯೂಯಾರ್ಕ್ ಸೇರಿದ.

ಮುಂದಿನದನ್ನು ಓಡಿಸಿಬಿಡುತ್ತೇನೆ. ಕಾಲೇಜಿನಲ್ಲಿ ಭೌತಶಾಸ್ತ್ರ. ನಡುವೆ ಗಾಯಕಿ ಎಡಿತ್ ಪಿಯಾಫ್‌ಗೆ ಇಂಗ್ಲಿಷ್ ಪಾಠ. (ಆ ಪಾಠದ ಬಗ್ಗೆಯೇ ಒಂದು ಭಾಷಣ ಮಾಡಬಹುದಿತ್ತು!) ಆಮೇಲೆ ಲಜಾರ್ ಫ್ರೇರ್ ಎಂಬ ಬ್ಯಾಂಕು, ಅಲ್ಲಿ ಆಂಡ್ರೆ ಮೇಯರ್ ಎಂಬ ಸಿಡುಕಿನ ಗುರು. 1961ಕ್ಕೆ ಪಾಲುದಾರಿಕೆ. ಐಟಿಟಿ ಎಂಬ ದೈತ್ಯ ಕಂಪನಿ ಕಂಡಕಂಡದ್ದನ್ನೆಲ್ಲ ಕೊಂಡು ಹಾಕಿಕೊಳ್ಳುತ್ತಿದ್ದಾಗ ಲೆಕ್ಕ ಕೂಡಿಸಿಕೊಟ್ಟವರು ಇವರೇ. ಅದರ ಒಂದು ಖರೀದಿ ರಾಜಕೀಯ ಹಗರಣವಾಗಿ, 1972ರಲ್ಲಿ ಸೆನೆಟ್ ಮುಂದೆ ನಿಂತು ಉತ್ತರ ಹೇಳಬೇಕಾಯಿತು. ಪತ್ರಿಕೆಯಲ್ಲಿ ‘ಫಿಕ್ಸರ್ ಫೀಲಿಕ್ಸ್’ ಎಂಬ ಅಡ್ಡಹೆಸರೂ ಅಂಟಿತು. ಅಲ್ಲಿಗೇ ನಿಂತಿದ್ದರೆ ಅವರ ಬಗ್ಗೆ ನನಗೂ ಕುತೂಹಲ ಇರುತ್ತಿರಲಿಲ್ಲ, ನಿಮಗೂ ಬೇಕಾಗಿರಲಿಲ್ಲ.

ಬಂತು 1975. ನ್ಯೂಯಾರ್ಕ್ ನಗರದ ಬೊಕ್ಕಸ ಖಾಲಿ. ಕಾರ್ಖಾನೆಗಳು ಊರು ಬಿಟ್ಟಿದ್ದವು, ತೆರಿಗೆ ಕಟ್ಟುವ ಮಧ್ಯಮ ವರ್ಗ ಉಪನಗರಗಳಿಗೆ ಹೊರಟುಹೋಗಿತ್ತು. ನಗರಾಡಳಿತ ಮಾತ್ರ ಬಾರದ ತೆರಿಗೆಯನ್ನೂ ಬರುತ್ತದೆಂದು ಬರೆದುಕೊಂಡು, ಅದನ್ನೇ ತೋರಿಸಿ ಸಾಲ ಎತ್ತಿ ಸಂಬಳ ಕೊಡುತ್ತಿತ್ತು. ಅಲ್ಪಾವಧಿ ಸಾಲವೇ ಸುಮಾರು 600 ಕೋಟಿ ಡಾಲರ್! ಆ ವಸಂತದಲ್ಲಿ ಬ್ಯಾಂಕುಗಳು ‘ಇನ್ನಾಗದು’ ಅಂದವು. ಕೆಲಸ ಕಳೆದುಕೊಳ್ಳಲಿದ್ದ ಪೊಲೀಸರು, ಅಗ್ನಿಶಾಮಕದವರು ‘ಭಯದ ನಗರಕ್ಕೆ ಸ್ವಾಗತ’ ಎಂದು ತಲೆಬುರುಡೆಯ ಚಿತ್ರವಿದ್ದ ಕರಪತ್ರ ಹಂಚಲು ಹೊರಟರು. ಜುಲೈನಲ್ಲಿ ಕಸದವರು ಮುಷ್ಕರ ಹೂಡಿ ಬೀದಿಯಲ್ಲೆಲ್ಲ ಕಸದ ಗುಡ್ಡೆ.

ರಾಜ್ಯಪಾಲ ಹ್ಯೂ ಕೇರಿ ಕರೆದ ಕೆಲವರಲ್ಲಿ ರೊಹಾಟಿನ್ ಒಬ್ಬರು. ಜೂನ್‌ನಲ್ಲಿ ಹುಟ್ಟಿದ್ದು ಮುನಿಸಿಪಲ್ ಅಸಿಸ್ಟೆನ್ಸ್ ಕಾರ್ಪೊರೇಷನ್, ಜನರ ಬಾಯಲ್ಲಿ ‘ಬಿಗ್ ಮ್ಯಾಕ್’. ಯಜಮಾನ ದುಂದುಗಾರನಾದರೆ ಸಂಬಳ ಅವನ ಕೈಗೆ ಸಿಗದಂತೆ ನೇರ ಅಂಗಡಿಯವನಿಗೆ ತಲುಪಿಸುತ್ತಾರಲ್ಲ, ಇದರ ಉಪಾಯವೂ ಅದೇ. ನಗರದ ಮಾರಾಟ ತೆರಿಗೆ ಮೊದಲು ಮ್ಯಾಕ್‌ಗೆ ಬರಬೇಕು, ಅದರ ಬಲದ ಮೇಲೆ ಮ್ಯಾಕ್ ಬಾಂಡ್ ಮಾರಬೇಕು, ಬಾಂಡಿನವರಿಗೆ ಕೊಟ್ಟು ಮಿಕ್ಕಿದ್ದು ನಗರಕ್ಕೆ. ಉಪಾಯ ಚೆನ್ನಾಗಿತ್ತು. ಆದರೆ ಬಾಂಡ್ ಕೊಳ್ಳುವವರು ಬೇಕಲ್ಲ?

ಈಗ ಅಕ್ಟೋಬರ್ 17, ಶುಕ್ರವಾರ. ನನಗೆ ತುಂಬ ಇಷ್ಟವಾದ ದಿನ. ಅವತ್ತು ನಗರ ಕಟ್ಟಬೇಕಾದದ್ದು 45 ಕೋಟಿ 30 ಲಕ್ಷ ಡಾಲರ್. ಕೈಲಿದ್ದದ್ದು 3 ಕೋಟಿ 40 ಲಕ್ಷ. ಉಳಿದದ್ದನ್ನು ಕೂಡಿಸಲು 15 ಕೋಟಿಯ ಮ್ಯಾಕ್ ಬಾಂಡನ್ನು ಶಿಕ್ಷಕರ ಪಿಂಚಣಿ ನಿಧಿ ಕೊಳ್ಳಬೇಕಿತ್ತು. ಹಿಂದಿನ ರಾತ್ರಿ ನಿಧಿಯವರು ಬೆನ್ನು ತಿರುಗಿಸಿದರು. ತಪ್ಪೇನಿದೆ ಹೇಳಿ? ಸಾವಿರಾರು ಮೇಷ್ಟ್ರುಗಳು ಕೆಲಸ ಕಳೆದುಕೊಂಡಿದ್ದರು, ಹಿಂದಿನ ತಿಂಗಳಷ್ಟೇ ಮುಷ್ಕರ ಮುಗಿದಿತ್ತು, ಈಗ ಮುಪ್ಪಿನ ದುಡ್ಡನ್ನೂ ಮುಳುಗುವ ಹಡಗಿಗೆ ಹಾಕು ಅಂದರೆ? ರಾಜ್ಯಪಾಲರು, ಮೇಯರ್ ಏಬ್ ಬೀಮ್, ರೊಹಾಟಿನ್ ಎಲ್ಲ ಆ ರಾತ್ರಿ ವಾಲ್ಡಾರ್ಫ್ ಹೋಟೆಲಿನ ದೊಡ್ಡ ಔತಣದಲ್ಲಿ ಸೂಟುಬೂಟಿನಲ್ಲಿದ್ದರು. ಸುದ್ದಿ ಅಲ್ಲಿಗೇ ಬಂತು. ಮೇಯರ್ ಓದಬೇಕಾದ ದಿವಾಳಿಯ ಹೇಳಿಕೆ ಸಿದ್ಧವಾಯಿತು, ಕೋರ್ಟಿನ ಕಾಗದಗಳೂ ಸಿದ್ಧವಾದವು.

ಶಿಕ್ಷಕರ ಸಂಘದ ನಾಯಕ ಆಲ್ಬರ್ಟ್ ಶಾಂಕರ್. ಹೆಸರು ಕೇಳಿ ನಮ್ಮವರೇ ಅಂದುಕೊಳ್ಳಬೇಡಿ, ಅಪ್ಪಟ ನ್ಯೂಯಾರ್ಕಿನವರು. ಅವರನ್ನು ಒಲಿಸಲು ರಿಚರ್ಡ್ ರಾವಿಚ್ ಎಂಬ ಕಟ್ಟಡ ಉದ್ಯಮಿಯ ಮನೆಯಲ್ಲಿ ಮಾತುಕತೆ ನಡೆಯಿತು. ಹೊಟ್ಟೆ ಹಸಿದವರಿಗೆ ಅಡುಗೆಮನೆಯಲ್ಲಿ ಸಿಕ್ಕಿದ್ದು ಯಹೂದಿಗಳ ಹಬ್ಬದ ಒಣ ರೊಟ್ಟಿ, ಮಾಟ್ಸಾ. ಮಧ್ಯಾಹ್ನ ಎರಡು ದಾಟಿದ ಮೇಲೆ ಶಾಂಕರ್ ಒಪ್ಪಿದರು. ಹಣ ಬಂತು, ನಗರ ಉಳಿಯಿತು. ಈ ಕತೆಯಲ್ಲಿ ನಾನು ಟೋಪಿ ತೆಗೆಯುವುದು ಯಾವ ಬ್ಯಾಂಕರಿಗೂ ಅಲ್ಲ, ಆ ಮೇಷ್ಟ್ರುಗಳಿಗೆ. ರೊಹಾಟಿನ್ ಹೆಚ್ಚುಗಾರಿಕೆ ಬೇರೆ ಕಡೆ ಇದೆ: ಬ್ಯಾಂಕಿನವರ ಜತೆ ಕೂತಷ್ಟೇ ಸಲೀಸಾಗಿ ಅವರು ಕಾರ್ಮಿಕ ನಾಯಕರ ಜತೆಗೂ ಕೂರುತ್ತಿದ್ದರು. ಎದುರಾಳಿಯಾಗಿ ಸಿಕ್ಕ ವಿಕ್ಟರ್ ಗಾಟ್‌ಬಾಮ್ ಎಂಬ ಕಾರ್ಮಿಕ ನಾಯಕ ಕೊನೆಗೆ ಅವರ ಆಪ್ತ ಸ್ನೇಹಿತರಾದರು.

ಇದಾಗಿ ಎರಡು ವಾರ ಕಳೆದಿಲ್ಲ, ಅಧ್ಯಕ್ಷ ಫೋರ್ಡ್ ಕೇಂದ್ರದಿಂದ ಬಿಡಿಗಾಸೂ ಇಲ್ಲವೆಂದರು. ಮರುದಿನ ಡೈಲಿ ನ್ಯೂಸ್ ಪತ್ರಿಕೆ, ‘ಸಾಯಿ ಅಂದ ಫೋರ್ಡ್’ ಎನ್ನುವ ಅರ್ಥದ ತಲೆಬರಹ ಹಾಕಿತು. ಆ ಮಾತನ್ನು ಅವರು ಬಾಯಿಬಿಟ್ಟು ಆಡಿರಲಿಲ್ಲ ಅನ್ನಿ. ವರ್ಷ ಮುಗಿಯುವುದರೊಳಗೆ ಅವರೂ ಮೆತ್ತಗಾಗಿ ವರ್ಷಕ್ಕೆ 230 ಕೋಟಿ ಡಾಲರ್‌ವರೆಗಿನ ಸಾಲಕ್ಕೆ ಸಹಿ ಹಾಕಿದರು.

ಇಲ್ಲಿ ನನಗೆ ರೊಹಾಟಿನ್ ಮೇಲೆ ಸಿಟ್ಟೂ ಬರುತ್ತದೆ. ಹೂಡಿಕೆದಾರರಿಗೆ ನಂಬಿಕೆ ಬರಬೇಕಾದರೆ ನಗರ ನೋವು ತಿಂದದ್ದು ಕಣ್ಣಿಗೆ ಕಾಣಬೇಕು ಎಂದು ಒತ್ತಾಯಿಸಿದವರಲ್ಲಿ ಅವರೂ ಇದ್ದರು. ಸುರಂಗ ರೈಲಿನ ಟಿಕೆಟ್ 35 ಸೆಂಟಿನಿಂದ 50ಕ್ಕೆ ಏರಿತು, ಸಂಬಳ ಹೆಚ್ಚಳ ನಿಂತಿತು. 1976ರಲ್ಲಿ ಸಿಟಿ ಯೂನಿವರ್ಸಿಟಿ 129 ವರ್ಷಗಳಿಂದ ನಡೆಸಿಕೊಂಡು ಬಂದ ಉಚಿತ ಶಿಕ್ಷಣ ನಿಂತುಹೋಯಿತು. ಬಡ ವಲಸಿಗರ ಮಕ್ಕಳು ಹತ್ತಿಬಂದ ಏಣಿ ಅದು. ತಲೆಯೊಳಗಿನದೇ ಸಂಪತ್ತು ಎನ್ನುತ್ತಿದ್ದ ಮನುಷ್ಯನಿಗೆ ಈ ಒಂದನ್ನು ಬಿಟ್ಟು ಬೇರೇನೂ ಹೊಳೆಯಲಿಲ್ಲವೇ ಎಂದು ನಾನು ಇವತ್ತಿಗೂ ಕೇಳಿಕೊಳ್ಳುತ್ತೇನೆ.

ಮ್ಯಾಕ್‌ನ ಅಧ್ಯಕ್ಷರಾಗಿ ಅವರು 1993ರವರೆಗೂ ಇದ್ದರು. ಆಮೇಲೆ ಅಧ್ಯಕ್ಷ ಕ್ಲಿಂಟನ್ ಇವರನ್ನು ಫ್ರಾನ್ಸಿಗೆ ರಾಯಭಾರಿಯಾಗಿ ಕಳಿಸಿದರು, ಹನ್ನೆರಡರ ವಯಸ್ಸಿನಲ್ಲಿ ತಲೆತಪ್ಪಿಸಿಕೊಂಡು ಬಿಟ್ಟು ಬಂದಿದ್ದ ದೇಶಕ್ಕೆ. ಇಳಿವಯಸ್ಸಿನಲ್ಲಿ ಅವರಿಗೆ ಹಿಡಿದ ಹುಚ್ಚು ಬೇರೆಯೇ: ಸೇತುವೆ, ಶಾಲೆ, ರೈಲು ಕಟ್ಟಲು ಸರ್ಕಾರವೇ ಒಂದು ರಾಷ್ಟ್ರೀಯ ಬ್ಯಾಂಕ್ ತೆರೆಯಬೇಕು ಎಂದು ಲೇಖನ ಬರೆದರು, ಪುಸ್ತಕ ಬರೆದರು, ಸಿಕ್ಕವರಿಗೆಲ್ಲ ಹೇಳಿದರು. ಸಂಬಳಕ್ಕೆ ಸಾಲ ಮಾಡಿ ಕೆಟ್ಟ ಊರನ್ನು ಹತ್ತಿರದಿಂದ ಕಂಡವರು, ಕಟ್ಟುವುದಕ್ಕಾದರೆ ಸಾಲ ಮಾಡಿ ಅನ್ನುತ್ತಿದ್ದರು. ವಾಷಿಂಗ್ಟನ್ ಕಿವಿಗೊಡಲಿಲ್ಲ. 2019ರ ಡಿಸೆಂಬರಿನಲ್ಲಿ, 91ನೇ ವಯಸ್ಸಿನಲ್ಲಿ ನ್ಯೂಯಾರ್ಕಿನಲ್ಲೇ ತೀರಿಕೊಂಡರು. ಅಷ್ಟು ಹೊತ್ತಿಗೆ ಮ್ಯಾಕ್ ತನ್ನ ಸಾಲವನ್ನೆಲ್ಲ ತೀರಿಸಿ ಬಾಗಿಲು ಹಾಕಿ ಹತ್ತು ವರ್ಷ ಮೀರಿತ್ತು. ಸಿಟಿ ಯೂನಿವರ್ಸಿಟಿಯ ಶುಲ್ಕ ಮಾತ್ರ ಹಾಗೇ ಇತ್ತು.