ಗಡುವು ಮೀರಿದ ಮೇಲೂ

ಷೇರುಪೇಟೆಯ ಸುದ್ದಿಯಲ್ಲಿ ದಿನವೂ ಕಿವಿಗೆ ಬೀಳುವ ‘ಈಕ್ವಿಟಿ’ ಮೂಲದಲ್ಲಿ ಹಣದ ಮಾತಲ್ಲ, ನ್ಯಾಯದ ಮಾತು. ಇಂಗ್ಲೆಂಡಿನ ಹಳೆಯ ಕಾನೂನಿನಲ್ಲಿ ಜಮೀನು ಅಡವಿಟ್ಟವನು ಗೊತ್ತುಪಡಿಸಿದ ದಿನ ಸಾಲ ತೀರಿಸದಿದ್ದರೆ, ಮರುದಿನ ಹಣ ಹಿಡಿದು ಬಂದರೂ ಭೂಮಿ ಹೋದಂತೆಯೇ. 17ನೇ ಶತಮಾನದ ಹೊತ್ತಿಗೆ, ಕಾನೂನಿನ ಬಿಗಿಯನ್ನು ‘ಈಕ್ವಿಟಿ’ ಎಂಬ ನ್ಯಾಯದಿಂದ ಸಡಿಲಿಸುತ್ತಿದ್ದ ಚಾನ್ಸರಿ ನ್ಯಾಯಾಲಯ ಇದನ್ನು ಒಪ್ಪದಾಯಿತು: ಅಡವು ಸಾಲಕ್ಕೆ ಭದ್ರತೆಯಷ್ಟೇ, ಬಡ್ಡಿ ಸಮೇತ ಬಾಕಿ ಕೊಟ್ಟರೆ ಗಡುವಿನ ನಂತರವೂ ಬಿಡಿಸಿಕೊಳ್ಳಬಹುದು. ಆ ಹಕ್ಕಿಗೂ, ಸಾಲ ಕಳೆದು ಜಮೀನಿನಲ್ಲಿ ಅವನಿಗೆ ಉಳಿದ ಪಾಲಿಗೂ ಈಕ್ವಿಟಿ ಎಂಬ ಹೆಸರು ಅಂಟಿತು. ಷೇರುಪೇಟೆಗೆ ಬಂದದ್ದು ಆಮೇಲೆ.

ಚಾನ್ಸರಿಯ ಈ ನ್ಯಾಯ ನ್ಯಾಯಾಧೀಶರ ಮರ್ಜಿಯಲ್ಲವೇ ಎಂಬ ಆಕ್ಷೇಪ ಆಗಲೇ ಇತ್ತು. ಅಳತೆಗೋಲು ಬಿಟ್ಟು, ಆ ನ್ಯಾಯಾಲಯದ ಮುಖ್ಯಸ್ಥರಾದ ಚಾನ್ಸಲರರ ಪಾದದಿಂದ ಅಳೆದಂತೆ ಎಂದು ಆ ಕಾಲದ ಕಾನೂನು ಪಂಡಿತ ಜಾನ್ ಸೆಲ್ಡನ್ ಗೇಲಿ ಮಾಡಿದ್ದ. ಗೇಲಿ ಸೊಗಸಾಗಿದೆ, ಆದರೆ ಅರ್ಧವೇ ನಿಜ. ಆ ವಿನಾಯಿತಿ ಒಬ್ಬರ ಕರುಣೆಯಾಗಿ ಉಳಿಯದೆ ಎಲ್ಲ ಸಾಲಗಾರರಿಗೂ ಸಲ್ಲುವ ಹಕ್ಕಾಯಿತು. ಭಾರತದ 1882ರ ಸ್ವತ್ತು ವರ್ಗಾವಣೆ ಕಾಯ್ದೆಯ 60ನೇ ಕಲಮಿನಲ್ಲೂ ಅದಿದೆ. ಕರಾರೆಂದರೆ ಕರಾರು, ಸಾಲ ಕೊಟ್ಟವನ ಗತಿಯೇನು ಎನ್ನಬಹುದು. ಅವನಿಗೆ ಅಸಲೂ ಬಡ್ಡಿಯೂ ಸಿಗುತ್ತವೆ; ತಪ್ಪುವುದು ಸಣ್ಣ ಸಾಲಕ್ಕೆ ದೊಡ್ಡ ಜಮೀನು ನುಂಗುವ ಅವಕಾಶ ಮಾತ್ರ. ಸಾಲಗಾರನ ಹಕ್ಕಿಗೂ ಮಿತಿಯಿತ್ತು: ನ್ಯಾಯಾಲಯ ಕೊಟ್ಟ ಕೊನೆಯ ಅವಧಿಯನ್ನೂ ದಾಟಿದರೆ ಚಾನ್ಸರಿಯೇ ಬಿಡಿಸಿಕೊಳ್ಳುವ ಬಾಗಿಲು ಮುಚ್ಚುತ್ತಿತ್ತು.