ಗುಳೆ ಹೋದವರ ಮುಂದೆ ಕ್ಯಾಮೆರಾ



ಮಳೆ ಕೈಕೊಟ್ಟ ವರ್ಷ ರಾಯಚೂರು, ಕಲಬುರಗಿ ಕಡೆಯ ಜನ ಗುಳೆ ಹೋಗುವುದು ತಮಗೆ ತಿಳಿದೇ ಇದೆ. ಹೋದವರು ಅಲ್ಲಿ ಹೇಗೆ ದುಡಿಯುತ್ತಾರೆಂಬುದು ಮಾತ್ರ ಊರಿಗೆ ತಿಳಿಯುವುದು ಕಡಿಮೆ. ಆದ್ದರಿಂದ ಇಂದು ಒಂದು ಸಾಕ್ಷ್ಯಚಿತ್ರದ ವಿಷಯ ಹೇಳುತ್ತೇನೆ.

ರಾಹುಲ್ ಜೈನ್ ಎಂಬ ತರುಣರು ಬಾಲ್ಯದಲ್ಲಿ ಅಜ್ಜನ ಬಟ್ಟೆ ಗಿರಣಿಯಲ್ಲಿ ಓಡಾಡಿದವರು. ಅವರ ‘ಮಷೀನ್ಸ್’ (2016) ಗುಜರಾತಿನ ಸೂರತ್ ಬಳಿಯ ಬಟ್ಟೆ ಕಾರ್ಖಾನೆಯೊಂದರ ಚಿತ್ರ. ವಿವರಣೆಯ ಧ್ವನಿಯಿಲ್ಲ, ಯಂತ್ರಗಳ ಸದ್ದು, ನಡುನಡುವೆ ದೂರದ ರಾಜ್ಯಗಳಿಂದ ಬಂದ ಕಾರ್ಮಿಕರ ಮಾತು. ಬರಿಗೈಯಲ್ಲೇ ಬಣ್ಣ ಕಲಸುತ್ತಾರೆ. ಪಾಳಿ 12 ಗಂಟೆಗಳದು. ಹುಡುಗನೊಬ್ಬ ಯಂತ್ರದ ಮುಂದೆಯೇ ತೂಕಡಿಸುತ್ತಾನೆ. ರೈಲುಖರ್ಚಿಗೂ ಸಾಲ ಮಾಡಿ ಬಂದವರಿದ್ದಾರೆ. ಮಾಲೀಕರೋ, ಹೊಟ್ಟೆ ತುಂಬಿದರೆ ಆಳುಗಳಿಗೆ ಕೆಲಸದ ಮೇಲೆ ಲಕ್ಷ್ಯವಿರುವುದಿಲ್ಲ ಎನ್ನುತ್ತಾರೆ!

ಕೊನೆಗೆ ಕಾರ್ಮಿಕರು ಚಿತ್ರ ತೆಗೆಯುವವರನ್ನೇ ಸುತ್ತುವರಿದು, ನೀವೂ ನೋಡಿಕೊಂಡು ಹೋಗುವವರೇ, ನಾವೇನು ಮಾಡಬೇಕು ಹೇಳಿ ಎನ್ನುತ್ತಾರೆ. ಅವರಲ್ಲಿ ಉತ್ತರವಿಲ್ಲ. ಆ ಭಾಗವನ್ನು ಕತ್ತರಿಸದೆ ಉಳಿಸಿದ್ದನ್ನು ನಾನು ಮೆಚ್ಚಿದೆ. ಹಳ್ಳಿಗೆ ಹೋಗಿ ಟಿಪ್ಪಣಿ ಬರೆದುಕೊಂಡು ಬರುವ ನಮ್ಮಂಥ ವಿಸ್ತರಣಾ ಕಾರ್ಯಕರ್ತರಿಗೂ ಈ ಪ್ರಶ್ನೆ ಎದುರಾದದ್ದುಂಟು. ನಾನೂ ಸುಮ್ಮನೆ ನಿಂತಿದ್ದೇನೆ.