ತರಗು ಬೆಂಕಿ ಮತ್ತು ಕಾಡ್ಗಿಚ್ಚು

(ಬೇಸಿಗೆಯ ಮುನ್ನ ನಡೆದ ಗ್ರಾಮಸಭೆಯಲ್ಲಿ ಮಾಡಿದ ಭಾಷಣ)



ಬೆಂಕಿಯನ್ನು ನಾವು ದೇವರೆಂದು ಪೂಜಿಸುತ್ತೇವೆ, ಕಾಡಿನಲ್ಲಿ ಕಂಡರೆ ಶತ್ರುವೆನ್ನುತ್ತೇವೆ. ಆದರೆ ಅದನ್ನು ಯಾವ ಕಾಡಿಗೆ, ಯಾವ ಋತುವಿನಲ್ಲಿ ಹಚ್ಚಲಾಯಿತು ಎಂಬುದನ್ನು ವಿಚಾರಿಸುವುದಿಲ್ಲ.

ಬಿಳಿಗಿರಿರಂಗನ ಬೆಟ್ಟದ ಸೋಲಿಗರು ಇದನ್ನು ಬಲ್ಲವರು. ಬೇಸಿಗೆ ಬಲಿಯುವ ಮೊದಲೇ, ನೆಲದಲ್ಲಿ ಇನ್ನೂ ತೇವವಿರುವಾಗ, ಅವರು ಉದುರಿದ ಎಲೆಗೆ ಕಿಚ್ಚಿಡುತ್ತಿದ್ದರು. ಅದೇ ‘ತರಗು ಬೆಂಕಿ’. ಅದು ನೆಲಮಟ್ಟದಲ್ಲೇ ಹರಿದು ಆರುತ್ತಿತ್ತು. ಲಂಟಾನದ ಎಳೆಸಸಿಗಳು ಸಾಯುತ್ತಿದ್ದವು, ಹುಲ್ಲು ಚಿಗುರುತ್ತಿತ್ತು, ನೆಲ್ಲಿಮರದ ಬಂದಳಿಕೆಯೂ ಹತೋಟಿಯಲ್ಲಿತ್ತು ಎನ್ನುತ್ತಾರೆ ಅಲ್ಲಿನ ಹಿರಿಯರು.

1974ರಲ್ಲಿ ಆ ಕಾಡು ಅಭಯಾರಣ್ಯವಾಯಿತು. ತರಗು ಬೆಂಕಿ ಅಪರಾಧವಾಯಿತು. ಮುಂದಿನ ದಶಕಗಳಲ್ಲಿ ಲಂಟಾನ ಕಾಡನ್ನು ವ್ಯಾಪಿಸಿತು. ಒಣಗಿದ ಲಂಟಾನ ಪೊದೆಯು ನೆಲದ ಕಿಚ್ಚನ್ನು ಮರದ ಕೊಂಬೆಗೆ ಏರಿಸುತ್ತದೆ. ಅಂತಹದೇ ಪೊದೆಗಳು ತುಂಬಿದ ಬಂಡೀಪುರದಲ್ಲಿ 2019ರ ಫೆಬ್ರವರಿಯಲ್ಲಿ 4,000 ಹೆಕ್ಟೇರಿಗೂ ಮಿಕ್ಕಿದ ಕಾಡು ಸುಟ್ಟಿತು.

ಹಾಗೆಂದು ನಾಳೆಯೇ ಕಡ್ಡಿ ಗೀರಬೇಡಿ. ತರಗು ಬೆಂಕಿ ಎಲೆಯುದುರುವ ಒಣಕಾಡಿನ ಪದ್ಧತಿ. ನಿತ್ಯಹರಿದ್ವರ್ಣ ಕಾಡಿಗೂ ಶೋಲೆಗೂ ಸಣ್ಣ ಕಿಚ್ಚೂ ಮಾರಕ. ಲಂಟಾನ ಬಲಿತಿರುವಲ್ಲಿ, ಅದನ್ನು ಕಿತ್ತು ತೆಗೆಯದೆ ಹಳೆಯ ಪದ್ಧತಿಗೆ ಮರಳುವುದೂ ಅಪಾಯವೇ.

ಅರಣ್ಯ ಹಕ್ಕು ಕಾಯಿದೆಯಡಿ 2011ರಲ್ಲಿ ಸೋಲಿಗರಿಗೆ ಸಮುದಾಯ ಹಕ್ಕು ದೊರೆಯಿತು. ಕಾಡನ್ನು ಕಾಯುವ ಹೊಣೆಯೂ ಆ ಹಕ್ಕಿನಲ್ಲಿದೆ. ಆದ್ದರಿಂದ ಬೆಂಕಿಯ ವಿಚಾರದಲ್ಲಿ ಇಲಾಖೆಯು ಕಾಡಿನ ಜನರನ್ನು ಕಿಚ್ಚು ಆರಿಸಲು ಮಾತ್ರ ಕರೆದರೆ ಸಾಲದು. ತೀರ್ಮಾನ ಕೈಗೊಳ್ಳುವಾಗಲೂ ಕರೆಯಬೇಕು. ನಮ್ಮ ಗ್ರಾಮಸಭೆಗಳು ಕೇಳಬೇಕಾದದ್ದು ಇದನ್ನೇ.